ಮೊದಲು ಮಾರ್ಕೆಟ್, ಆಮೇಲೆ ಹೋಟೆಲ್: ಮೈಸೂರು ತಿಂಡಿ ನಡಿಗೆಯ ಪ್ರಶ್ನೋತ್ತರ

ಮೈಸೂರಿನ ಊಟ-ತಿಂಡಿ ನೋಡುತ್ತಾ ನಡೆಯುವ ಬಗ್ಗೆ ಏನಾದರೂ ಕೇಳುವುದಿದ್ದರೆ ಬರೆಯಿರಿ ಎಂದು ಕಳೆದ ಸಂಚಿಕೆಯಲ್ಲಿ ಕೇಳಿಕೊಂಡಿದ್ದೆ. ಬಂದ ಪತ್ರಗಳಲ್ಲಿ ಆರಕ್ಕೆ ಇಲ್ಲಿ ಉತ್ತರಿಸುತ್ತಿದ್ದೇನೆ. ನನ್ನ ಪರಿಚಯ ಇಲ್ಲದವರಿಗೆ ಎರಡು ಮಾತು. ನಾನು ಹುಟ್ಟಿ ಬೆಳೆದದ್ದು ಮೈಸೂರಿನ ಅಗ್ರಹಾರದಲ್ಲಿ. ಅಪ್ಪ ದೇವರಾಜ ಮಾರ್ಕೆಟ್‌ನಲ್ಲಿ ಬಾಳೆಹಣ್ಣಿನ ಅಂಗಡಿ ಇಟ್ಟಿದ್ದರು. 11 ವರ್ಷದಿಂದ ಭಾನುವಾರ ಬೆಳಗ್ಗೆ ಹೊರಗಿನಿಂದ ಬಂದವರನ್ನು ಕರೆದುಕೊಂಡು ಅದೇ ಮಾರ್ಕೆಟ್‌ನಲ್ಲಿ ನಡೆಯುತ್ತಿದ್ದೇನೆ.

ಪ್ರಶ್ನೆ: ನಾವು ನಾಲ್ಕು ಜನ 2 ದಿನಕ್ಕೆ ಮೈಸೂರಿಗೆ ಬರುತ್ತಿದ್ದೇವೆ. ಒಳ್ಳೆ ಹೋಟೆಲ್‌ಗಳ ಪಟ್ಟಿ ಫೋನಿನಲ್ಲೇ ಸಿಗುತ್ತದೆ. ಹೀಗಿರುವಾಗ ಗೈಡ್‌ಗೆ ದುಡ್ಡು ಕೊಟ್ಟು ನಡೆಯಬೇಕಾ? (ಎಸ್. ಆರ್., ದಾವಣಗೆರೆ)

ಬರೀ ತಿನ್ನುವುದಕ್ಕಾದರೆ ಬೇಡ. ನಜರ್‌ಬಾದ್‌ನಲ್ಲಿ ಮೈಲಾರಿ ದೋಸೆ ಅಂದರೆ ಯಾವ ಆಟೋದವರಾದರೂ ಬಾಗಿಲಿಗೇ ಬಿಡುತ್ತಾರೆ. ನೀವು ದಾವಣಗೆರೆಯವರು, ಬೆಣ್ಣೆ ದೋಸೆ ತಿಂದು ಬೆಳೆದವರು. ಅಲ್ಲಿನ ಗರಿಗರಿ ಅಂಚನ್ನು ಇಲ್ಲಿ ಹುಡುಕಬೇಡಿ. ಇದು ಹತ್ತಿಯಂಥ ದೋಸೆ. ಮೇಲೆ ಬೆಣ್ಣೆ, ಪಕ್ಕದಲ್ಲಿ ಕಾಯಿ ಚಟ್ನಿ. ಎರಡನೇದು ಹೇಳಿಯೇ ಹೇಳುತ್ತೀರಿ.

ಆದರೆ ಅಲ್ಲಿಗೆ ಹೋಗುವ ಮೊದಲು ಒಂದೂವರೆ ಗಂಟೆ ಮಾರ್ಕೆಟ್‌ಗೆ ಕೊಡಿ. ನಾನು ಎಲ್ಲರಿಗೂ ಹೇಳುವುದು ಇದನ್ನೇ. ಊರಿನ ರುಚಿ ಶುರುವಾಗುವುದು ಹೋಟೆಲ್ ಟೇಬಲ್ ಮೇಲಲ್ಲ, ಮಾರ್ಕೆಟ್ ಕಟ್ಟೆಯ ಮೇಲೆ. ಕಾಯಿ, ಎಲೆ, ಹೂವು, ಹಣ್ಣು ಎಲ್ಲಿಂದ ಬಂತು, ಯಾರ ಕೈ ದಾಟಿ ಬಂತು ಅಂತ ನೋಡಿ ಆಮೇಲೆ ತಿಂದರೆ ಅದೇ ದೋಸೆ ಬೇರೆ ಥರ ಕಾಣುತ್ತದೆ. ಗೈಡ್ ಬೇಕಾಗುವುದು ಇಲ್ಲಿ. ಮಾರ್ಕೆಟ್‌ನವರ ಜೊತೆ ಮಾತಾಡಿಸುವವರು ಒಬ್ಬರು ಜೊತೆಗಿದ್ದರೆ ಬಾಗಿಲು ತೆರೆದಂತೆ.

ಬೆಳಗ್ಗೆ ಏಳರ ಹೊತ್ತಿಗೆ ಚಿಕ್ಕ ಗಡಿಯಾರ ಗೋಪುರದ ಕಡೆಯಿಂದ ಒಳಗೆ ಬನ್ನಿ. ಮಾರ್ಕೆಟ್‌ಗೆ ನೂರು ವರ್ಷಕ್ಕಿಂತ ಜಾಸ್ತಿ ಆಯಿತು. ದೊಡ್ಡ ದೇವರಾಜ ಒಡೆಯರ ಹೆಸರು ಇದಕ್ಕೆ. ಚಾಮುಂಡಿ ಬೆಟ್ಟದ ದೊಡ್ಡ ನಂದಿಯನ್ನು ಕಡೆಸಿದವರೂ ಅವರೇ. ಹೂವಿನ ಸಾಲಿನಲ್ಲಿ ಮೊದಲು ಕಿವಿಗೊಡಿ. ಮಾತು ಕಾಸಿನಲ್ಲಲ್ಲ, ಮೊಳದಲ್ಲಿ, ಮಾರಿನಲ್ಲಿ ನಡೆಯುತ್ತದೆ. ಹೂವಿನಮ್ಮ ದಾರವನ್ನು ಮೊಣಕೈಗೆ ಒತ್ತಿ ನಡುಬೆರಳಿನ ತುದಿಗೆ ಎಳೆದರೆ ಒಂದು ಮೊಳ. ಅವರ ಕೈ ಉದ್ದವಾಗಿದ್ದರೆ ನಿಮ್ಮ ಅದೃಷ್ಟ. ಬೇಸಿಗೆಯಲ್ಲಿ ಬಂದರೆ ಮೈಸೂರು ಮಲ್ಲಿಗೆಯ ರಾಶಿಯೇ ಇರುತ್ತದೆ.

ಮುಂದೆ ವೀಳ್ಯದೆಲೆ. ಇಲ್ಲಿ ಸ್ವಲ್ಪ ನಿಲ್ಲಿ. ಎಲೆಯವರು ಒದ್ದೆ ಗೋಣಿ ಸರಿಸಿ, ಕಟ್ಟನ್ನು ಬಿಚ್ಚಿ, ಎಲೆಯ ಬೆನ್ನು ಬೆನ್ನು ಸೇರಿಸಿ ಜೋಡಿಸುತ್ತಾರೆ. ಕಣ್ಣು ನಿಮ್ಮ ಮೇಲೆ, ಕೈ ಮಾತ್ರ ಎಣಿಸುತ್ತಲೇ ಇರುತ್ತದೆ. ಒಂದು ಚಿಗುರೆಲೆ ಕೇಳಿ ತಗೊಳ್ಳಿ. ಸುಣ್ಣ, ಅಡಿಕೆ ಏನೂ ಬೇಡ. ತೊಟ್ಟು ಮುರಿದು, ತುದಿ ಚಿವುಟಿ, ಅರ್ಧ ಎಲೆ ಬಾಯಿಗೆ ಹಾಕಿ ನಿಧಾನಕ್ಕೆ ಅಗಿಯಿರಿ. ಮೊದಲು ಏನೂ ಇಲ್ಲ, ಬರೀ ನುಣುಪು. ಆಮೇಲೆ ನಾಲಿಗೆಯ ಹಿಂಭಾಗದಲ್ಲಿ ಖಾರ ಏಳುತ್ತದೆ. ಮೈಸೂರು ವೀಳ್ಯದೆಲೆ ಅಂದರೆ ಅದು. ಈ ಎಲೆಗೂ, ಮೈಸೂರು ಮಲ್ಲಿಗೆಗೂ, ನಂಜನಗೂಡು ರಸಬಾಳೆಗೂ ಭೌಗೋಳಿಕ ಗುರುತಿನ ಮಾನ್ಯತೆ, ಅಂದರೆ ಆಯಾ ಸೀಮೆಯದೇ ಬೆಳೆ ಅನ್ನುವ ಅಧಿಕೃತ ಮುದ್ರೆ, ಇದೆ. ಮೂರನ್ನೂ ಒಂದೇ ಸೂರಿನ ಕೆಳಗೆ, ಬೆಳಗಿನ ತಿಂಡಿಗೆ ಮೊದಲೇ ಮುಟ್ಟಿ ನೋಡಬಹುದು. ಇದು ಫೋನಿನ ಪಟ್ಟಿಯಲ್ಲಿ ಸಿಗುವುದಿಲ್ಲ.

ಪ್ರಶ್ನೆ: ನಿಜವಾದ ಮೈಸೂರು ಪಾಕ್ ಯಾವುದು? ಗಟ್ಟಿಯದಾ, ಮೆತ್ತಗಿನದಾ? ನಮ್ಮ ಮನೆಯಲ್ಲಿ ಇದಕ್ಕೆ ಜಗಳವೇ ಆಗುತ್ತದೆ. (ಪಿ. ಎಲ್., ತುಮಕೂರು)

ಜಗಳ ನಿಮ್ಮ ಮನೆಯಲ್ಲಿ ಮಾತ್ರ ಅಲ್ಲ, ನನ್ನ ನಡಿಗೆಯಲ್ಲಿ ಪ್ರತಿ ವಾರವೂ ಬರುತ್ತದೆ. ನಾಲ್ವಡಿ ಕೃಷ್ಣರಾಜ ಒಡೆಯರ ಕಾಲದಲ್ಲಿ ಅರಮನೆಯ ಅಡುಗೆಯವರಾದ ಕಾಕಾಸುರ ಮಾದಪ್ಪನವರು ಕಡಲೆಹಿಟ್ಟು, ತುಪ್ಪ, ಸಕ್ಕರೆ ಸೇರಿಸಿ ಇದನ್ನು ಮಾಡಿದರು, ಹೆಸರು ಕೇಳಿದಾಗ 'ಪಾಕ' ಅಂದರು ಅಂತ ಊರಿನಲ್ಲಿ ಹೇಳುತ್ತಾರೆ. ಅವರ ವಂಶದವರು ನಡೆಸುವ ಗುರು ಸ್ವೀಟ್ ಮಾರ್ಟ್ ಸಯ್ಯಾಜಿರಾವ್ ರಸ್ತೆಯಲ್ಲಿ, ಮಾರ್ಕೆಟ್‌ಗೆ ಅಂಟಿಕೊಂಡೇ ಇದೆ. ಅಲ್ಲಿಯದು ಬಾಯಲ್ಲಿ ಕರಗುವ ಮೆತ್ತಗಿನದು, ಕಾಗದಕ್ಕೆ ತುಪ್ಪ ಬಿಡುವಂಥದ್ದು.

ನನ್ನ ಅಭಿಪ್ರಾಯ ಕೇಳಿದರೆ ಎರಡೂ ನಿಜವೇ. ಒಂದೇ ಬಾಣಲೆಯಲ್ಲಿ, ಕೆಲವು ನಿಮಿಷದ ಅಂತರದಲ್ಲಿ ಎರಡೂ ಹುಟ್ಟುತ್ತವೆ. ನಮ್ಮ ಪಕ್ಕದ ಬೀದಿಯಲ್ಲಿ ಮದುವೆ ಅಡುಗೆ ಮಾಡುವ ಭಟ್ಟರೊಬ್ಬರಿದ್ದರು. ಚಿಕ್ಕಂದಿನಲ್ಲಿ ನಾನು ಬಾಗಿಲಲ್ಲಿ ನಿಂತು ನೋಡುತ್ತಿದ್ದೆ. ಸಕ್ಕರೆಗೆ ನೀರು ಹಾಕಿ ಒಂದೆಳೆ ಪಾಕ ಬರಿಸುವುದು. ಬೆರಳಿಗೆ ಒಂದು ಹನಿ ತಗೊಂಡು ಹೆಬ್ಬೆರಳಿಂದ ಮುಟ್ಟಿ ಬಿಟ್ಟರೆ ಒಂದು ದಾರ ಎದ್ದು ನಿಲ್ಲಬೇಕು. ಆಗ ಜರಡಿ ಹಿಡಿದ ಕಡಲೆಹಿಟ್ಟನ್ನು ಗಂಟಾಗದ ಹಾಗೆ ಕಲಸುವುದು. ಪಕ್ಕದ ಒಲೆಯ ಮೇಲೆ ತುಪ್ಪ ಕುದಿಯುವಷ್ಟು ಕಾದಿರಬೇಕು. ಆ ತುಪ್ಪವನ್ನು ಒಂದೊಂದೇ ಸೌಟು ಹಾಕುತ್ತಾ, ಕೈ ನಿಲ್ಲಿಸದೆ ತಿರುವುವುದು. ಪ್ರತಿ ಸೌಟಿಗೂ ಬಾಣಲೆ 'ಚುಂಯ್' ಅನ್ನುತ್ತದೆ.

ಆ ಶಬ್ದದಲ್ಲೇ ಎಲ್ಲಾ ಇದೆ. ಕಾದ ತುಪ್ಪ ತಾಗಿದಾಗ ಪಾಕದ ನೀರು ಆವಿಯಾಗಿ ಹಿಟ್ಟನ್ನು ಉಬ್ಬಿಸಿಕೊಂಡು ಹೊರಗೆ ಬರುತ್ತದೆ. ಬಂದ ಜಾಗದಲ್ಲಿ ತೂತು ಉಳಿಯುತ್ತದೆ. ಜೇನುಗೂಡಿನಂಥ ಆ ತೂತುಗಳೇ ಗಟ್ಟಿ ಮೈಸೂರು ಪಾಕ್‌ನ ಗುರುತು. ಉಬ್ಬುವ ಮೊದಲೇ, ತುಪ್ಪ ಜಾಸ್ತಿ ಇಟ್ಟು ಇಳಿಸಿದರೆ ಮೆತ್ತಗಿನದಾಗುತ್ತದೆ. ಉಬ್ಬಿ ನೊರೆ ಬಂದ ಮೇಲೆ ತಟ್ಟೆಗೆ ಸುರಿದರೆ ಗಟ್ಟಿಯದು.

ಗಟ್ಟಿಯದನ್ನು ಅಡ್ಡಕ್ಕೆ ಮುರಿದು ನೋಡಿ. ಮೇಲೆ ಕೆಳಗೆ ಹಳದಿ, ನಡುವೆ ಕಂದು ಪಟ್ಟಿ ಇರುತ್ತದೆ. ಅದಕ್ಕೆ ಬಣ್ಣ ಹಾಕಿರುವುದಿಲ್ಲ. ತಟ್ಟೆಗೆ ಸುರಿದ ಮೇಲೆ ಅಂಚು ಬೇಗ ಆರುತ್ತದೆ, ನಡುವಿನ ಶಾಖ ಹೋಗಲು ಹೊತ್ತು ಬೇಕು. ಅಷ್ಟು ಹೊತ್ತು ಅದು ಒಳಗೊಳಗೇ ಬೇಯುತ್ತಿರುತ್ತದೆ. ಭಟ್ಟರು ಆ ಕಂದು ಪಟ್ಟಿ ಬಂದರೆ ಮಾತ್ರ ತಟ್ಟೆಯನ್ನು ಒಳಗೆ ಕಳಿಸುತ್ತಿದ್ದರು. ನಿಮ್ಮ ಮನೆಯಲ್ಲಿ ಎರಡೂ ಅರ್ಧರ್ಧ ಕೇಜಿ ತರಿಸಿ, ಮೆತ್ತಗಿನದನ್ನು ಅಂದೇ ತಿಂದು ಮುಗಿಸಿ, ಗಟ್ಟಿಯದನ್ನು ಡಬ್ಬಿಯಲ್ಲಿಡಿ. ಜಗಳ ನಿಲ್ಲುತ್ತದೆ.

ಪ್ರಶ್ನೆ: ಕಳೆದ ವರ್ಷ ಮೈಸೂರಿನಲ್ಲಿ ಒಂದು ಗೈಡೆಡ್ ಟೂರ್ ತಗೊಂಡೆವು. ಊರು, ಊಟ ತೋರಿಸುತ್ತೇವೆ ಎಂದವರು ಮುಕ್ಕಾಲು ಹೊತ್ತು ಅಂಗಡಿಗಳಲ್ಲೇ ಕೂರಿಸಿದರು. ಸುಗಂಧದ ಎಣ್ಣೆ, ಸೀರೆ, ಮತ್ತೆ ಎಣ್ಣೆ. ಮೋಸ ಹೋಗದೆ ಇರಲು ಏನು ಕೇಳಬೇಕು? (ಹೆಸರು ಬೇಡ ಎಂದವರು, ಬೆಳಗಾವಿ)

ಓದಿ ಬೇಸರವಾಯಿತು. ನಮ್ಮೂರಿಗೆ ಪ್ರೀತಿಯಿಂದ ಬಂದವರನ್ನು ಹೀಗೆ ಕಳಿಸಬಾರದು. ಸುಗಂಧದ ಎಣ್ಣೆಯಾಗಲಿ, ಊದಿನಕಡ್ಡಿಯಾಗಲಿ, ರೇಷ್ಮೆಯಾಗಲಿ ಮೈಸೂರಿನ ಹೆಮ್ಮೆಯೇ. ಸರ್ಕಾರಿ ಗಂಧದೆಣ್ಣೆ ಕಾರ್ಖಾನೆಯೂ, ರೇಷ್ಮೆ ಕಾರ್ಖಾನೆಯೂ ಇಲ್ಲಿ ಒಂದು ಶತಮಾನದಿಂದ ಇವೆ. ನೋಡುವುದರಲ್ಲಿ ತಪ್ಪಿಲ್ಲ. ಹೇಳದೆ ಕೇಳದೆ ಕಮಿಷನ್ ಅಂಗಡಿಯಲ್ಲಿ ಕೂರಿಸುವುದು ತಪ್ಪು.

ದುಡ್ಡು ಕೊಡುವ ಮೊದಲು ಮೂರು ಮಾತು ಕೇಳಿ. ಎಷ್ಟು ಕಡೆ ನಿಲ್ಲುತ್ತೀರಿ? ಅದರಲ್ಲಿ ಎಷ್ಟು ಕಡೆ ತಿನ್ನುವುದು, ಎಷ್ಟು ಕಡೆ ಕೊಳ್ಳುವುದು? ಗುಂಪಿನಲ್ಲಿ ಎಷ್ಟು ಜನ? ಉತ್ತರ ನೇರವಾಗಿ ಬರದಿದ್ದರೆ ಬಿಟ್ಟುಬಿಡಿ. ತಿಂಡಿಯ ದುಡ್ಡು ಸೇರಿದೆಯೋ ಇಲ್ಲವೋ ಅನ್ನುವುದನ್ನೂ ಅಲ್ಲೇ ಇತ್ಯರ್ಥ ಮಾಡಿಕೊಳ್ಳಿ.

ಗುಂಪಿನ ಲೆಕ್ಕ ಯಾಕೆ ಕೇಳಬೇಕು ಅನ್ನುವುದನ್ನು ನಾನು ಕಷ್ಟದಿಂದ ಕಲಿತೆ. ಶುರುವಿನ ವರ್ಷದಲ್ಲಿ ಒಂದು ಸಲ 18 ಜನರನ್ನು ಕರೆದುಕೊಂಡು ಹೂವಿನ ಸಾಲಿಗೆ ಹೋದೆ. ಎಲ್ಲರೂ ಒಬ್ಬ ಅಜ್ಜಿಯ ಅಂಗಡಿ ಮುಂದೆ ನಿಂತು ಫೋಟೋ ತೆಗೆಯುತ್ತಿದ್ದರು. ಅಜ್ಜಿ ಸುಮ್ಮನೆ ನೋಡಿದರು. ಆಮೇಲೆ ಮೆಲ್ಲಗೆ, "ಮಗಾ, ಇನ್ನೂ ಬೋಣಿ ಆಗಿಲ್ಲ ಕಣವ್ವಾ, ಒಸಿ ಜಾಗ ಬುಡಿ" ಅಂದರು. ಹಿಂದೆ ನೋಡಿದರೆ ದೇವಸ್ಥಾನಕ್ಕೆ ಹೂವು ಒಯ್ಯಲು ಬಂದ ಗಿರಾಕಿಗಳು ಜಾಗವಿಲ್ಲದೆ ನಿಂತಿದ್ದರು. ಮಾರ್ಕೆಟ್‌ನಲ್ಲೇ ಬೆಳೆದ ನನಗೆ ಅದು ಹೊಳೆಯಬೇಕಿತ್ತು. ಅವತ್ತಿನಿಂದ 8 ಜನಕ್ಕಿಂತ ಜಾಸ್ತಿ ಕರೆದೊಯ್ಯುವುದಿಲ್ಲ. ಯಾರ ಮುಂದೆ ನಿಂತರೂ ಮೊದಲು ಅವರಲ್ಲಿ ಒಂದು ವ್ಯಾಪಾರ ಮಾಡುತ್ತೇವೆ. ಒಂದು ಮೊಳ ಹೂವಾದರೂ ಸರಿ. ಅಜ್ಜಿ ಈಗಿಲ್ಲ. ಅವರ ಸೊಸೆ ಅದೇ ಕಟ್ಟೆಯ ಮೇಲೆ ಕೂರುತ್ತಾರೆ, ನನ್ನನ್ನು ಕಂಡರೆ "ಬನ್ನಿ ಅಕ್ಕಾ, ಬೋಣಿ ಆಯ್ತು" ಅನ್ನುತ್ತಾರೆ.

ಪ್ರಶ್ನೆ: ಮೈಸೂರು ಅಂದರೆ ಬರೀ ದೋಸೆ, ಪಾಕ್, ಕಾಫಿ ಅಂತಲೇ ಬರೆಯುತ್ತಾರೆ. ಬಾಡೂಟ ತಿನ್ನುವವರಿಗೆ, ಹಳ್ಳಿ ಊಟ ಬೇಕೆನ್ನುವವರಿಗೆ ಏನೂ ಇಲ್ಲವಾ? (ಎಂ. ಜಿ., ಕೋಲಾರ)

ಒಳ್ಳೆಯ ಪ್ರಶ್ನೆ, ಇದು ಬರಬೇಕಾದದ್ದೇ. ಅರಮನೆ, ಅಗ್ರಹಾರ ಎರಡನ್ನೇ ತೋರಿಸಿ ಮೈಸೂರು ಮುಗಿಯಿತು ಅನ್ನುವ ಟೂರ್ ನನಗೂ ಇಷ್ಟವಿಲ್ಲ. ಮಂಡಿ ಮೊಹಲ್ಲಾಕ್ಕೆ ಹೋಗಿ. ಅಲ್ಲಿ ಹನುಮಂತು ಹೋಟೆಲ್‌ನ ಮಟನ್ ಪಲಾವ್ ತಿನ್ನಲು ಬೆಳಗ್ಗೆಯೇ ಜನ ಸೇರುತ್ತಾರೆ. ಬೆಳಗ್ಗೆ ಪಲಾವ್ ಅಂದರೆ ಹುಬ್ಬೇರಿಸಬೇಡಿ. ಮಂಡಿಯಲ್ಲಿ ಕತ್ತಲಲ್ಲೇ ಎದ್ದು ಮೂಟೆ ಹೊತ್ತವರಿಗೆ ಆ ಹೊತ್ತಿಗೆ ಮಧ್ಯಾಹ್ನವಾದಂತೆ ಅಲ್ವಾ? ನಾನು ಮಾಂಸ ತಿನ್ನುವವಳಲ್ಲ. ಆದರೂ ನನ್ನ ಗುಂಪನ್ನು ಅಲ್ಲಿಗೆ ಕರೆದೊಯ್ದು, ಪಕ್ಕದಲ್ಲಿ ಟೀ ಕುಡಿಯುತ್ತಾ ಕಾಯುತ್ತೇನೆ. ಎಲೆಯ ಮೇಲೆ ಬಿಸಿ ಪಲಾವ್ ಬಿದ್ದಾಗ ಏಳುವ ಘಮಕ್ಕೆ ಬೀದಿಯೇ ತಿರುಗಿ ನೋಡುತ್ತದೆ.

ಹಳ್ಳಿ ಊಟಕ್ಕೆ ಚಳಿಗಾಲ ಒಳ್ಳೆಯದು. ಡಿಸೆಂಬರ್, ಜನವರಿಯಲ್ಲಿ ಸೊಗಡಿನ ಅವರೆಕಾಯಿ ಬರುತ್ತದೆ. ಇಬ್ಬನಿ ಬಿದ್ದ ಕಾಯಿಗೆ ಸಿಪ್ಪೆಯ ಮೇಲೊಂದು ಜಿಡ್ಡು, ಕೈಗೆ ಅಂಟುವ ವಾಸನೆ. ಮಾರ್ಕೆಟ್‌ನಲ್ಲಿ ಕಾಯಿ ಮೂಸಿಯೇ ಕೊಳ್ಳುತ್ತಾರೆ. ನೀವೂ ಮೂಸಿ. ಕಾಳನ್ನು ನೆನೆಹಾಕಿ, ಹೆಬ್ಬೆರಳು ತೋರುಬೆರಳಿನ ನಡುವೆ ಒತ್ತಿದರೆ ಬೇಳೆ ಟಪ್ಪನೆ ಹೊರಗೆ ಹಾರುತ್ತದೆ. ಅದೇ ಹಿದಕಿದ ಬೇಳೆ. ಅದರ ಸಾರು, ಜೊತೆಗೆ ರಾಗಿ ಮುದ್ದೆ. ಕೋಲಾರದವರಾದ ನಿಮಗೆ ಮುದ್ದೆ ನುಂಗುವುದನ್ನು ನಾನು ಹೇಳಿಕೊಡಬೇಕಿಲ್ಲ. ಆದರೆ ಸಾರಿನ ಮಸಾಲೆ ನಿಮ್ಮ ಕಡೆಗಿಂತ ಹೇಗೆ ಬೇರೆ ಅಂತ ನೋಡಿ ನನಗೆ ಬರೆಯಿರಿ.

ದಸರಾ ಸಮಯದಲ್ಲಿ ಬಂದರೆ ಆಹಾರ ಮೇಳ ತಪ್ಪಿಸಬೇಡಿ. ಅಲ್ಲಿ ಕಾಡಂಚಿನ ಆದಿವಾಸಿಗಳು ಬಿದಿರಿನಲ್ಲಿ ಬೇಯಿಸುವ ಬಿರಿಯಾನಿಗೆ ಉದ್ದ ಸಾಲು ಇರುತ್ತದೆ. ಹಸಿ ಬಿದಿರಿನ ಗೆಣ್ಣಿನೊಳಗೆ ಅಕ್ಕಿ, ಮಸಾಲೆ, ಕೋಳಿ ತುಂಬಿ, ಬಾಯಿ ಮುಚ್ಚಿ ಕೆಂಡದ ಮೇಲೆ ಇಡುತ್ತಾರೆ. ಸಾಲಿನಲ್ಲಿ ನಿಂತಾಗ ಸುಮ್ನೆ ಫೋನ್ ನೋಡಬೇಡಿ, ಬಿದಿರು ಹೊರಳಿಸುವವರ ಕೈ ನೋಡಿ.

ಪ್ರಶ್ನೆ: ನಾವು ಅಮೆರಿಕದ ನ್ಯೂಜೆರ್ಸಿಯಲ್ಲಿದ್ದೇವೆ. ಬೇಸಿಗೆ ರಜಕ್ಕೆ 7 ಮತ್ತು 10 ವರ್ಷದ ಮಕ್ಕಳ ಜೊತೆ ಬರುತ್ತೇವೆ. ಖಾರ ತಿನ್ನುವುದಿಲ್ಲ, ನಡೆಯಲು ಬೇಸರ ಪಡುತ್ತಾರೆ. ಜೊತೆಗೆ ಸಕ್ಕರೆ ಕಾಯಿಲೆಯ ಅತ್ತೆಯವರೂ ಇದ್ದಾರೆ. (ಆರ್. ಕೆ.)

ಮಕ್ಕಳಿಗೆ ಕೆಲಸ ಕೊಡಿ, ಬೇಸರ ಬರುವುದಿಲ್ಲ. ಅರಮನೆಯ ಹತ್ತಿರ ದೊಡ್ಡ ಗಡಿಯಾರ ಇದೆ. ನಾಲ್ವಡಿಯವರ ಆಳ್ವಿಕೆಗೆ 25 ವರ್ಷ ತುಂಬಿದ ನೆನಪಿಗೆ 1927ರಲ್ಲಿ ಕಟ್ಟಿದ್ದು. ಅದರ ಮುಖದ ಮೇಲಿನ ಅಂಕಿ ಕನ್ನಡದವು. ವಿಮಾನದಲ್ಲೇ ೧ರಿಂದ ೧೨ರವರೆಗೆ ಕಲಿಸಿಬಿಡಿ, ಇಲ್ಲಿ ಬಂದು ಗಂಟೆ ಎಷ್ಟು ಅಂತ ಅವರೇ ಓದಲಿ. ಕಳೆದ ವರ್ಷ ನನ್ನ ಜೊತೆ ಬಂದ ಒಂದು ಹುಡುಗಿ ಆ ಗಡಿಯಾರ ಓದಿ, ಆಮೇಲೆ ಇಡೀ ಮಾರ್ಕೆಟ್‌ನಲ್ಲಿ ಕನ್ನಡದ ಬೋರ್ಡ್ ಹುಡುಕಿಕೊಂಡು ಓಡಾಡಿದಳು. ಅವಳ ಅಮ್ಮ ಕಣ್ಣೊರೆಸಿಕೊಂಡರು.

ಖಾರದ ಚಿಂತೆ ಬೇಡ. ಚುರುಮುರಿಯವರಿಗೆ "ಅಣ್ಣಾ, ಮಕ್ಕಳಿಗೆ, ಖಾರ ಬೇಡ" ಅಂದರೆ ಕ್ಯಾರೆಟ್ ತುರಿ ಜಾಸ್ತಿ ಹಾಕಿ, ಮೆಣಸಿನಕಾಯಿ ಬಿಟ್ಟು ಕಲಸಿ ಕೊಡುತ್ತಾರೆ. ಇಡ್ಲಿಗೆ ಬೆಣ್ಣೆ ಹಚ್ಚಿ ಕೊಡಿ. ತೆರೆದಿಟ್ಟ ಹಣ್ಣಿನ ಹೋಳು ಬೇಡ, ಸಿಪ್ಪೆ ಸುಲಿದು ತಿನ್ನುವ ಬಾಳೆಹಣ್ಣು ಇದೆಯಲ್ಲ. ನೀರಿನ ಬಾಟಲಿ ಮನೆಯಿಂದಲೇ ಇರಲಿ.

ಅತ್ತೆಯವರನ್ನು ಖಾಲಿ ಹೊಟ್ಟೆಯಲ್ಲಿ ನಡೆಸಬೇಡಿ. ಮಾತ್ರೆ, ಇನ್ಸುಲಿನ್ ತಗೊಳ್ಳುವವರಾದರೆ ತಿಂಡಿಯ ಹೊತ್ತು ಏರುಪೇರಾಗುವ ಬಗ್ಗೆ ಮೊದಲೇ ಡಾಕ್ಟರ್ ಹತ್ತಿರ ಮಾತಾಡಿ. ಗೈಡ್‌ಗೂ ಹೇಳಿ, ಮೊದಲ ನಿಲುಗಡೆಯನ್ನೇ ತಿಂಡಿಗೆ ಇಟ್ಟುಕೊಳ್ಳುತ್ತಾರೆ. ಸಿಹಿ ತಿನ್ನದಿದ್ದರೂ ಅವರಿಗೆ ಮಾರ್ಕೆಟ್‌ನಲ್ಲಿ ಕಮ್ಮಿ ಏನಿಲ್ಲ. ನಿಮ್ಮೆಲ್ಲರಿಗಿಂತ ಜಾಸ್ತಿ ಮಾತಾಡುವವರು ಅವರೇ ಆಗುತ್ತಾರೆ, ನೋಡುತ್ತಿರಿ.

ಪ್ರಶ್ನೆ: ನಂಜನಗೂಡು ರಸಬಾಳೆ ಅಂತ ಹೇಳಿ ಎರಡು ಸಲ ಬೇರೆ ಹಣ್ಣು ತಂದು ಮೋಸಹೋದೆ. ನಿಜವಾದದ್ದನ್ನು ಗುರುತಿಸುವುದು ಹೇಗೆ? ಊರಿಗೆ ತರಬಹುದಾ? (ವಿ. ಎನ್., ಶಿವಮೊಗ್ಗ)

ಈ ಪ್ರಶ್ನೆಗೆ ಅಪ್ಪ ಇದ್ದಿದ್ದರೆ ಚೆನ್ನಾಗಿ ಉತ್ತರ ಹೇಳುತ್ತಿದ್ದರು. ಅವರ ಅಂಗಡಿಯಲ್ಲಿ ರಸಬಾಳೆಯ ಗೊನೆಯನ್ನು ಒಳಗಡೆ, ಗೋಡೆಯ ಪಕ್ಕ ನೇತುಹಾಕುತ್ತಿದ್ದರು. ಹೊರಗೆ ಪಚ್ಚಬಾಳೆ, ಏಲಕ್ಕಿಬಾಳೆ. ಕೇಳಿದವರಿಗೆ ಮಾತ್ರ ಒಳಗಿನದು.

ಅದು ಸಿಗುವುದೇ ಕಮ್ಮಿಯಾಗಿದೆ. ಪನಾಮಾ ಸೊರಗು ರೋಗ ಬಂದು ನಂಜನಗೂಡಿನ ಸುತ್ತ ತೋಟಕ್ಕೆ ತೋಟವೇ ಹೋಯಿತು. ಆ ರೋಗದ ಶಿಲೀಂಧ್ರ ಮಣ್ಣಿನಲ್ಲೇ ವರ್ಷಗಟ್ಟಲೆ ಉಳಿಯುತ್ತದೆ, ಬೇರಿನಿಂದ ಏರಿ ಗಿಡದ ನೀರಿನ ದಾರಿಯನ್ನೇ ಮುಚ್ಚುತ್ತದೆ. ಹಾಗಾಗಿ ಒಂದು ಸಲ ರೋಗ ಬಂದ ಜಮೀನಿನಲ್ಲಿ ಮತ್ತೆ ಬೆಳೆಯುವುದು ಬಹಳ ಕಷ್ಟ. ಆದರೂ ಬಿಡದೆ ಬೆಳೆಯುವ ರೈತರಿದ್ದಾರೆ. ಅವರ ಹಣ್ಣಿಗೆ ಹೆಚ್ಚು ಬೆಲೆ ಕೇಳಿದರೆ ಚೌಕಾಸಿ ಮಾಡಬೇಡಿ, ದಯವಿಟ್ಟು.

ಗುರುತು ಹೇಳುತ್ತೇನೆ. ಹಣ್ಣು ಗುಂಡಗೆ, ದಪ್ಪಗೆ. ಚೆನ್ನಾಗಿ ಹಣ್ಣಾದಾಗ ಸಿಪ್ಪೆ ಕಪ್ಪಾಗುತ್ತಾ ಬರುತ್ತದೆ. ಕಪ್ಪು ಕಂಡು ಕೊಳೆತಿದೆ ಅಂತ ಬಿಡುವವರೇ ಜಾಸ್ತಿ. ಸುಲಿದು ನೋಡಿ, ಒಳಗೆ ಗಟ್ಟಿಯಾಗಿರುತ್ತದೆ. ಮುಖ್ಯವಾಗಿ ಮೂಗು. ನಿಜವಾದ ರಸಬಾಳೆ ಇದ್ದ ಅಂಗಡಿಗೆ ನೀವು ಹೋಗುವ ಮೊದಲೇ ಅದರ ಘಮ ನಿಮ್ಮ ಹತ್ತಿರ ಬರುತ್ತದೆ. ಪರಿಚಯದ ಅಂಗಡಿಯಲ್ಲಿ ಕೇಳಿ, ಇಲ್ಲ ಅಂದರೆ ಇಲ್ಲ ಅಂತ ಒಪ್ಪಿಕೊಳ್ಳಿ. ಇನ್ನೊಂದು ಅಂಗಡಿಯಲ್ಲಿ ಇದೆ ಅಂದರೆ ಒಂದೇ ಹಣ್ಣು ಕೊಂಡು, ಅಲ್ಲೇ ಸುಲಿದು ತಿಂದು, ಸರಿ ಅನ್ನಿಸಿದರೆ ಮಾತ್ರ ಚಿಪ್ಪು ಕಟ್ಟಿಸಿ.

ಶಿವಮೊಗ್ಗಕ್ಕೆ ಖಂಡಿತ ತರಬಹುದು. ಹಳದಿ ತಿರುಗಿ ಇನ್ನೂ ಕಪ್ಪಾಗದ ಚಿಪ್ಪನ್ನು ಕೇಳಿ. ಪ್ಲಾಸ್ಟಿಕ್ ಚೀಲ ಬೇಡ, ಹಣ್ಣು ಬೆವರುತ್ತದೆ. ಒಣಗಿದ ಬಾಳೆಲೆಯಲ್ಲಿ ಸುತ್ತಿಸಿ ಬಟ್ಟೆ ಚೀಲದಲ್ಲಿಡಿ. ಬಸ್ಸಿನಲ್ಲಿ ಮೇಲಿನ ಹಲಗೆಗೆ ಹಾಕಬೇಡಿ, ಯಾರಾದರೂ ಸೂಟ್‌ಕೇಸ್ ತಳ್ಳಿದರೆ ಮುಗಿಯಿತು. ತೊಡೆಯ ಮೇಲೆ ಇಟ್ಟುಕೊಳ್ಳಿ. ಅರಸೀಕೆರೆ ದಾಟುವ ಹೊತ್ತಿಗೆ ಪಕ್ಕದ ಸೀಟಿನವರು ಇದೇನು ವಾಸನೆ ಅಂತ ಕೇಳುತ್ತಾರೆ. ಅವರಿಗೂ ಒಂದು ಕೊಡಿ.